ಸೇಬಿನ ಬಟರ್‌ಗೆ ಬೂಷ್ಟು ಬಂದರೆ ಸಕ್ಕರೆಯನ್ನು ದೂರಬೇಡಿ

ಪ್ರಶ್ನೆ: ಮೊದಲ ಸಲ ಮನೆಯಲ್ಲೇ ಮಸಾಲೆ ಹಾಕಿದ ಸೇಬಿನ ಬಟರ್ (ತಿರುಳನ್ನು ಬತ್ತಿಸಿ ಮಾಡುವ, ಬೆಣ್ಣೆಯಿಲ್ಲದ, ಜಾಮ್‌ನಂಥ ಪದಾರ್ಥ) ಮಾಡಿದೆ. ಸುಮಾರು ನಾಲ್ಕು ಕೆ.ಜಿ. ಸಿಹಿ ಸೇಬು, ಮುಕ್ಕಾಲು ಕೆ.ಜಿ. ಸಕ್ಕರೆ, ಚಕ್ಕೆ, ಲವಂಗ, ಜಾಯಿಕಾಯಿ. ವಿನಿಗರ್ ವಾಸನೆ ಆಗದ್ದರಿಂದ ಅದನ್ನು ಬಿಟ್ಟೆ. ಮಂದ ಉರಿಯಲ್ಲಿ ಬತ್ತಿಸಿ, ಬಿಸಿಬಿಸಿಯಾಗಿರುವಾಗಲೇ ಹಳೆಯ ಜಾಮ್ ಬಾಟಲಿಗಳಿಗೆ ತುಂಬಿ, ಮುಚ್ಚಳ ಬಿಗಿದು ತಲೆಕೆಳಗಾಗಿ ಇಟ್ಟೆ. ಎಲ್ಲ ಮುಚ್ಚಳಗಳೂ ‘ಟಿಕ್’ ಎಂದು ಒಳಕ್ಕೆ ಎಳೆದುಕೊಂಡವು. ಕೊನೆಯ ನಾಲ್ಕು ಬಾಟಲಿಗೆ ಸೇಬು ಸಾಲದೆ ಬೇಯಿಸಿದ ಸಿಹಿಗುಂಬಳ ಬೆರೆಸಿದ್ದೆ. ಮೂರು ವಾರ ಕಪಾಟಿನಲ್ಲಿತ್ತು. ಈಗ ನೋಡಿದರೆ ಬರೀ ಸೇಬಿನ ಎರಡು ಬಾಟಲಿಯಲ್ಲಿ ಬಿಳಿ ಬೂಷ್ಟು, ಇನ್ನೊಂದರ ಮೇಲೆ ನೀರು ನಿಂತಿದೆ. ರುಚಿ ಕಹಿಯಾಗಿದೆ. ಸಕ್ಕರೆ ಕಡಿಮೆಯಾದದ್ದೇ ಕಾರಣ ಎನ್ನುತ್ತಾರೆ. ಬೂಷ್ಟು ತೆಗೆದು ಉಳಿದದ್ದನ್ನು ತಿನ್ನಬಹುದೇ? ಮಿಕ್ಕ ಬಾಟಲಿಗಳನ್ನು ಪ್ರೆಶರ್ ಕುಕ್ಕರಿನಲ್ಲಿಟ್ಟು ಎರಡು ಸೀಟಿ ಕೂಗಿಸಿದರೆ ಸರಿಹೋಗುತ್ತದೆಯೇ? ಮುಂದಿನ ಸಲ ಏನು ಬದಲಾಯಿಸಲಿ?

ಉತ್ತರ: ಮೊದಲು ಕಪಾಟಿನ ವಿಷಯ ಮುಗಿಸೋಣ, ಕಾರಣಗಳು ಆಮೇಲೆ.

ಸಿಹಿಗುಂಬಳ ಬೆರೆಸಿದ ನಾಲ್ಕು ಬಾಟಲಿಗಳನ್ನು ತೆರೆಯಬೇಡಿ, ರುಚಿ ನೋಡಬೇಡಿ. ಮುಚ್ಚಿದ ಹಾಗೆಯೇ ಗಟ್ಟಿ ಚೀಲದಲ್ಲಿ ಕಟ್ಟಿ, ಮಕ್ಕಳ ಕೈಗೂ ಪ್ರಾಣಿಗಳ ಬಾಯಿಗೂ ಸಿಗದಂತೆ ಕಸಕ್ಕೆ ಹಾಕಿ. ನೋಡಲು ಚೆನ್ನಾಗಿವೆ, ಬೂಷ್ಟು ಇಲ್ಲ, ಮುಚ್ಚಳ ಗಟ್ಟಿಯಾಗಿದೆ ಎಂದು ಮನಸ್ಸು ತಡೆಯಬಹುದು. ಆದರೆ ನಿಮ್ಮ ಬಾಟಲಿಗಳ ಪೈಕಿ ನಿಜವಾಗಿ ಭಯಪಡಬೇಕಾದವು ಈ ನಾಲ್ಕೇ. ಬೂಷ್ಟು ಬಂದ ಎರಡನ್ನೂ ಪೂರ್ತಿ ಎಸೆಯಿರಿ. ಮೇಲಿನ ಬಿಳಿ ಪದರ ಕಣ್ಣಿಗೆ ಕಾಣುವ ಭಾಗ ಮಾತ್ರ. ಅದರ ಎಳೆಗಳು ತಿರುಳಿನೊಳಕ್ಕೆ ಇಳಿದಿರುತ್ತವೆ, ಕೆಲವು ಬೂಷ್ಟುಗಳು ಬಿಡುವ ವಿಷ ಕುದಿಸಿದರೂ ಹೋಗುವುದಿಲ್ಲ. ನೀರು ನಿಂತಿರುವುದು ಮತ್ತು ಮಿಕ್ಕ ಬರೀ ಸೇಬಿನ ಬಾಟಲಿಗಳು? ಮುಚ್ಚಿದ ಮೇಲೆ ನೀರಿನಲ್ಲಿ ಕುದಿಸದೆ ಮೂರು ವಾರ ಹೊರಗಿದ್ದವು. ಅವನ್ನೂ ತಿನ್ನಬೇಡಿ ಎಂದೇ ನನ್ನ ಸಲಹೆ. ಈಗ ಮತ್ತೆ ಕುದಿಸಿ ಉಳಿಸಿಕೊಳ್ಳುವ ಅವಕಾಶವೂ ಇಲ್ಲ. ಬಾಟಲಿ ಸರಿಯಾಗಿ ಮುಚ್ಚಿಕೊಂಡಿಲ್ಲ ಎಂದು ತಿಳಿದರೆ 24 ಗಂಟೆಯೊಳಗೆ ಮರುಸಂಸ್ಕರಣೆ (ಮುಚ್ಚಿದ ಬಾಟಲಿಯನ್ನು ಮತ್ತೆ ನೀರಿನಲ್ಲಿ ಕುದಿಸುವುದು) ಮಾಡಬಹುದು, ಅದಾದ ಮೇಲೆ ಇಲ್ಲ.

ಇನ್ನು ಸಕ್ಕರೆಯ ಮಾತು. ಇಲ್ಲಿ ಸಕ್ಕರೆಯ ತಪ್ಪಿಲ್ಲ.

ಈ ನಂಬಿಕೆ ಬಂದದ್ದು ಜಾಮ್‌ನಿಂದ. ಒಳ್ಳೆಯ ಜಾಮ್‌ನಲ್ಲಿ ಹಣ್ಣಿನದೂ ಸೇರಿ ಕರಗಿದ ಸಕ್ಕರೆಯ ಅಂಶ ನೂರಕ್ಕೆ 65ರ ಆಸುಪಾಸು ಇರುತ್ತದೆ. ಅಷ್ಟು ಸಕ್ಕರೆ ನೀರನ್ನು ಹಿಡಿದಿಟ್ಟುಕೊಳ್ಳುವುದರಿಂದ ಸೂಕ್ಷ್ಮಜೀವಿಗಳಿಗೆ ನೀರು ದಕ್ಕುವುದು ಕಡಿಮೆ. ಸೇಬಿನ ಬಟರ್ ಆ ಜಾತಿಯದಲ್ಲ. ಇದು ತಿರುಳನ್ನೇ ಬತ್ತಿಸಿ ಗಟ್ಟಿ ಮಾಡಿದ್ದು, ಇದರಲ್ಲಿ ಆ ಅಂಶ ಸಾಮಾನ್ಯವಾಗಿ 40ರಿಂದ 45. ನೀವು ಮುಕ್ಕಾಲು ಕೆ.ಜಿ. ಬದಲು ಒಂದು ಕೆ.ಜಿ. ಹಾಕಿದ್ದರೂ ಬೂಷ್ಟು ಬರುತ್ತಿತ್ತು, ಬಹುಶಃ ನಾಲ್ಕು ದಿನ ತಡವಾಗಿ. ಹಾಗಾಗಿ ಸಕ್ಕರೆ ಕಡಿಮೆ ಮಾಡಬೇಕೆನಿಸಿದರೆ ಧಾರಾಳವಾಗಿ ಮಾಡಿ, ಬೇಕಿದ್ದರೆ ಪೂರ್ತಿ ಬಿಡಿ. ಬಣ್ಣ ಸ್ವಲ್ಪ ಮಂಕಾಗುತ್ತದೆ, ತೆರೆದ ಬಾಟಲಿ ಫ್ರಿಜ್ಜಿನಲ್ಲಿ ಬಾಳುವ ದಿನ ಕಡಿಮೆಯಾಗುತ್ತದೆ, ಅಷ್ಟೇ.

ಸೇಬಿನ ಬಟರನ್ನು ಕಾಯುವುದು ಎರಡು ಸಂಗತಿ: ಹಣ್ಣಿನ ಹುಳಿ, ಮತ್ತು ಮುಚ್ಚಳ ಹಾಕಿದ ಮೇಲೆ ಕೊಡುವ ಶಾಖ. ಎರಡರ ಕೆಲಸವೂ ಬೇರೆ ಬೇರೆ. ಒಂದರ ಕೊರತೆಯನ್ನು ಇನ್ನೊಂದು ತುಂಬುವುದಿಲ್ಲ.

ಹುಳಿ ತಡೆಯುವುದು ಪ್ರಾಣಕ್ಕೆ ಅಪಾಯ ತರುವ ಕ್ಲಾಸ್ಟ್ರಿಡಿಯಂ ಬಾಟುಲಿನಂ ಎಂಬ ಬ್ಯಾಕ್ಟೀರಿಯಾವನ್ನು. ಇದರ ಬೀಜಾಣುಗಳು ಮಣ್ಣಿನಲ್ಲಿ ಎಲ್ಲೆಡೆ ಇರುತ್ತವೆ. ಕುದಿಯುವ ನೀರಿನ ಶಾಖಕ್ಕೆ ಸಾಯುವುದಿಲ್ಲ. ಗಾಳಿಯಿಲ್ಲದ ಮುಚ್ಚಿದ ಬಾಟಲಿ ಅದಕ್ಕೆ ಹೇಳಿ ಮಾಡಿಸಿದ ಜಾಗ. ಆದರೆ ಪಿಎಚ್ (ಹುಳಿಯ ಅಳತೆ, ಅಂಕ ಕಡಿಮೆಯಾದಷ್ಟೂ ಹುಳಿ ಹೆಚ್ಚು) 4.6ಕ್ಕಿಂತ ಕೆಳಗಿದ್ದರೆ ಆ ಬೀಜಾಣು ಮೊಳೆಯದು, ವಿಷ ಉತ್ಪತ್ತಿಯಾಗದು. ಸೇಬಿನ ಪಿಎಚ್ ಸಾಮಾನ್ಯವಾಗಿ 3.3ರಿಂದ 4.0. ಹುಳಿ ತಳಿಗಳು ಕೆಳತುದಿಯಲ್ಲಿ, ಸಿಹಿ ತಳಿಗಳೂ ಅತಿಯಾಗಿ ಮಾಗಿದವೂ ಮೇಲ್ತುದಿಯಲ್ಲಿ. ವಿನಿಗರ್ ಬಿಟ್ಟದ್ದರಿಂದ ನಿಮ್ಮ ಬರೀ ಸೇಬಿನ ಬಾಟಲಿಗಳು ವಿಷವಾದವು ಎಂದು ನಾನು ಹೇಳುವುದಿಲ್ಲ. ಆದರೆ ಸಿಹಿ ಸೇಬನ್ನೇ ಆರಿಸಿಕೊಂಡು ಹುಳಿಯನ್ನೂ ಬಿಟ್ಟಾಗ ಸುರಕ್ಷತೆಯ ಅಂಚು ಕಿರಿದಾಗುತ್ತದೆ. ಸಿಹಿಗುಂಬಳದ ಪಿಎಚ್ 5ರ ಸುತ್ತಮುತ್ತ, ಕೆಲವೊಮ್ಮೆ ಅದಕ್ಕೂ ಮೇಲೆ. ಅದನ್ನು ಬೆರೆಸಿದ ಕ್ಷಣ ಸೇಬಿನ ಲೆಕ್ಕಾಚಾರ ಅನ್ವಯಿಸುವುದಿಲ್ಲ. ಕುಂಬಳದ ಬಟರನ್ನು, ಅದು ಬೆರೆತದ್ದನ್ನು ಮನೆಯಲ್ಲಿ ಬಾಟಲಿ ಮಾಡಿ ಹೊರಗಿಡುವ ಸುರಕ್ಷಿತ ವಿಧಾನವೇ ಇಲ್ಲ. ಫ್ರಿಜ್ಜು ಅಥವಾ ಫ್ರೀಜರ್ ಮಾತ್ರ. ಮಾಗಿದ ಬಾಳೆಹಣ್ಣು ಬೆರೆಸುವವರಿಗೂ ಇದೇ ಮಾತು. ಗೋಡಂಬಿ, ಬಾದಾಮಿಯಂಥ ಬೀಜ, ಹಾಲು, ನಿಜವಾದ ಬೆಣ್ಣೆ, ಗಟ್ಟಿಯಾಗಲೆಂದು ಹಿಟ್ಟು ಹಾಕುವುದೂ ಬೇಡ. ಈ ವಿಷಕ್ಕೆ ವಾಸನೆ, ಬಣ್ಣ, ಗುಳ್ಳೆ ಯಾವುದೂ ಇರಲೇಬೇಕೆಂದಿಲ್ಲ. ಅದಕ್ಕೇ ಆ ನಾಲ್ಕು ಬಾಟಲಿಗಳ ಬಗ್ಗೆ ಅಷ್ಟು ಖಡಾಖಂಡಿತವಾಗಿ ಹೇಳಿದ್ದು.

ಪಿಎಚ್ ಕಾಗದದಿಂದ ನೋಡಿಕೊಳ್ಳುತ್ತೇನೆ ಎಂದು ಕೆಲವರು ಬರೆಯುತ್ತಾರೆ. ಗಾಢ ಕಂದು ತಿರುಳಿನಲ್ಲಿ ಕಾಗದದ ಬಣ್ಣ ಗುರುತಿಸುವುದೇ ಕಷ್ಟ, ಅರ್ಧ ಅಂಕದ ತಪ್ಪು ಸುಲಭವಾಗಿ ಆಗುತ್ತದೆ. ಅಳೆಯುವುದಾದರೆ 4 ಮತ್ತು 7ರ ದ್ರಾವಣಗಳಲ್ಲಿ ಸರಿಹೊಂದಿಸಿದ ಮೀಟರ್ ಬೇಕು. ಒಂದು ಹದವಾದ, ಪರೀಕ್ಷಿಸಿದ ಅಳತೆಯನ್ನು ಹಾಗೆಯೇ ಪಾಲಿಸುವುದು ಇದಕ್ಕಿಂತ ಸುಲಭ.

ಬೂಷ್ಟಿಗೆ ಈ ಹುಳಿ ಲೆಕ್ಕಕ್ಕಿಲ್ಲ. ಹುಳಿಯಲ್ಲೂ ಸಿಹಿಯಲ್ಲೂ ಆರಾಮವಾಗಿ ಬೆಳೆಯುತ್ತದೆ, ಬೆಳೆಯುತ್ತ ಹುಳಿಯನ್ನೇ ತಿಂದು ಪಿಎಚ್ ಏರಿಸಲೂಬಹುದು. ಅದಕ್ಕೆ ಬೇಕಾದದ್ದು ಗಾಳಿ. ಇಲ್ಲಿ ನಿಮ್ಮ ತಲೆಕೆಳಗು ಬಾಟಲಿಯ ಪ್ರಶ್ನೆ ಬರುತ್ತದೆ.

ಬಾಟಲಿ ಮಗುಚಿಡುವ ಪದ್ಧತಿ ಪೂರ್ತಿ ಕಟ್ಟುಕಥೆಯೇನಲ್ಲ. ಕಾರ್ಖಾನೆಗಳಲ್ಲಿ ಬಿಸಿ ತುಂಬಿದ ಬಾಟಲಿಯನ್ನು ಮಗುಚಿ ಮುಚ್ಚಳವನ್ನು ಶಾಖಕ್ಕೆ ಒಡ್ಡುವ ಕ್ರಮ ಇದೆ. ಅಲ್ಲಿ ತುಂಬುವ ಶಾಖ ಅಳತೆಯಲ್ಲಿರುತ್ತದೆ, ಮುಚ್ಚಳದಡಿಯ ಗಾಳಿಯನ್ನು ಹಬೆಯಿಂದ ಓಡಿಸಿ ಮುಚ್ಚುತ್ತಾರೆ. ಮನೆಯಲ್ಲಿ ಒಂದೊಂದಾಗಿ ಸೌಟಿನಿಂದ ತುಂಬುವಾಗ ಕೊನೆಯ ಬಾಟಲಿಗೆ ಬರುವ ಹೊತ್ತಿಗೆ ತಿರುಳು ತಣಿದಿರುತ್ತದೆ. ತುಂಬುವಾಗ ಮೇಲೆ ಸಿಕ್ಕಿಕೊಂಡ ಗಾಳಿ ಹಾಗೆಯೇ ಉಳಿಯುತ್ತದೆ, ಆ ಗಾಳಿಯಲ್ಲಿದ್ದ ಬೂಷ್ಟಿನ ಬೀಜವೂ ಉಳಿಯುತ್ತದೆ. ಮಗುಚಿದಾಗ ತಿರುಳಿನ ತೆಳು ಪದರ ಮುಚ್ಚಳದ ರಬ್ಬರಿಗೂ ಬಾಟಲಿಯ ಅಂಚಿಗೂ ನಡುವೆ ಸಿಲುಕಿ, ಒಣಗಿ, ಕೂದಲೆಳೆಯ ದಾರಿ ಬಿಡಬಹುದು. ನೀವು ಕೇಳಿದ ‘ಟಿಕ್’ ಒಳಗೆ ಸ್ವಲ್ಪ ನಿರ್ವಾತ ಉಂಟಾಯಿತು ಎಂದಷ್ಟೇ ಹೇಳುತ್ತದೆ. ಬಿಸಿ ಪದಾರ್ಥ ತಣಿದರೆ ಯಾವ ಬಾಟಲಿಯೂ ಅಷ್ಟು ಸದ್ದು ಮಾಡೀತು. ಒಳಗಿನದು ಕೆಡುವುದಿಲ್ಲ ಎಂಬುದಕ್ಕೆ ಅದು ಸಾಕ್ಷಿಯಲ್ಲ. ಹಳೆಯ ಜಾಮ್ ಮುಚ್ಚಳಗಳ ರಬ್ಬರಿನಲ್ಲಿ ಹಿಂದಿನ ಬಾಟಲಿಯ ಅಂಚಿನ ಗುರುತು ಒತ್ತಿಕೊಂಡಿರುತ್ತದೆ. ಎರಡನೇ ಸಲ ಅದು ಅದೇ ಗೆರೆಯಲ್ಲಿ ಕೂರುವುದು ಅದೃಷ್ಟದ ಮಾತು. ಬಾಟಲಿಯನ್ನು ಮತ್ತೆ ಬಳಸಿ, ಮುಚ್ಚಳವನ್ನು ಹೊಸದು ತನ್ನಿ.

ಮುಚ್ಚಿದ ಬಾಟಲಿಯನ್ನು ಕುದಿಯುವ ನೀರಿನಲ್ಲಿ ಮುಳುಗಿಸಿದಾಗ ಆಗುವುದೇ ಬೇರೆ. ಒಳಗಿನ ಗಾಳಿ ಹಿಗ್ಗಿ ಮುಚ್ಚಳದ ಅಂಚಿನಿಂದ ಸಣ್ಣ ಗುಳ್ಳೆಗಳಾಗಿ ಹೊರಬೀಳುವುದು ಕಣ್ಣಿಗೇ ಕಾಣುತ್ತದೆ. ತಣಿಯುವಾಗ ಆ ಜಾಗದಲ್ಲಿ ಬಲವಾದ ನಿರ್ವಾತ ಉಂಟಾಗಿ ಮುಚ್ಚಳವನ್ನು ಅದುಮಿ ಹಿಡಿಯುತ್ತದೆ. ಮೇಲಿದ್ದ ಬೂಷ್ಟು, ಯೀಸ್ಟುಗಳೂ ಆ ಶಾಖಕ್ಕೆ ಸಾಯುತ್ತವೆ.

ಇನ್ನು ಮೇಲೆ ನಿಂತ ನೀರು. ಅದು ಬತ್ತಿದ್ದು ಸಾಲದು ಎಂಬುದರ ಗುರುತು. ಬಿಸಿಯಲ್ಲಿ ಗಟ್ಟಿಯಾಗಿ ಕಂಡ ತಿರುಳು ತಣಿದ ಮೇಲೆ ಬಿಡಿ ನೀರನ್ನು ಹೊರಹಾಕುತ್ತದೆ.

ಮುಂದಿನ ಸಲಕ್ಕೆ ಪರೀಕ್ಷಿತವಾದ ಒಂದು ಅಳತೆ ಹೀಗಿದೆ. ಸೇಬು 3.6 ಕೆ.ಜಿ., ಸೇಬಿನ ರಸ 480 ಮಿ.ಲೀ., ನೂರಕ್ಕೆ 5ರ ಆಮ್ಲತೆಯ ವಿನಿಗರ್ 480 ಮಿ.ಲೀ., ಬಿಳಿ ಸಕ್ಕರೆ 450 ಗ್ರಾಂ, ಕಂದು ಸಕ್ಕರೆ ಸುಮಾರು 480 ಗ್ರಾಂ, ಚಕ್ಕೆಪುಡಿ 2 ದೊಡ್ಡ ಚಮಚ, ಲವಂಗದ ಪುಡಿ 1 ದೊಡ್ಡ ಚಮಚ. ಸಕ್ಕರೆ ಮತ್ತು ಮಸಾಲೆ ನಿಮ್ಮ ಇಷ್ಟ, ವಿನಿಗರ್ ಮಾತ್ರ ಇಷ್ಟದ ವಿಷಯವಲ್ಲ. ಬಾಟಲಿಯ ಮೇಲೆ ನೂರಕ್ಕೆ 4 ಎಂದಿದ್ದರೆ ಬೇರೆಯದು ತನ್ನಿ. ವಾಸನೆಯ ಚಿಂತೆ ಬಿಡಿ, ಗಂಟೆಗಟ್ಟಲೆ ಕುದಿಯುವಾಗ ಆ ಘಾಟು ಬಹುಪಾಲು ಹಾರಿಹೋಗಿ, ಉಳಿಯುವುದು ಹಿತವಾದ ಹುಳಿ. ಬತ್ತಿಸುವ ಹದಕ್ಕೆ ತಕ್ಕಂತೆ ಎರಡೂವರೆಯಿಂದ ಮೂರೂವರೆ ಲೀಟರ್ ಬರುತ್ತದೆ.

ಸೇಬು ಅರ್ಧ ಸಿಹಿ, ಅರ್ಧ ಹುಳಿ ಇದ್ದರೆ ರುಚಿ ಚೆನ್ನ. ಪೆಟ್ಟು ಬಿದ್ದ ಭಾಗ ಕತ್ತರಿಸಿ ತೆಗೆದರೆ ಸಾಕು, ಕೊಳೆತದ್ದನ್ನು ಮಾತ್ರ ‘ಹೇಗೂ ಕುದಿಸುತ್ತೇವಲ್ಲ’ ಎಂದು ಸೇರಿಸಬೇಡಿ. ಕೊಳೆತ ಸೇಬಿನ ನೀಲಿ ಬೂಷ್ಟು ಬಿಡುವ ಪಟುಲಿನ್ ಎಂಬ ವಿಷ ಕುದಿಯುವ ಶಾಖಕ್ಕೆ ಜಗ್ಗುವುದಿಲ್ಲ. ತೊಟ್ಟು, ನಡುವಿನ ಗಟ್ಟಿ ಭಾಗ, ಬೀಜ ತೆಗೆದು ನಾಲ್ಕು ಹೋಳು ಮಾಡಿ. ಸಿಪ್ಪೆ ಇರಲಿ, ಗಟ್ಟಿಯಾಗಿಸುವ ಪೆಕ್ಟಿನ್ ಎಂಬ ಅಂಶ ಮತ್ತು ಬಣ್ಣ ಅದರಲ್ಲೇ ಹೆಚ್ಚು. ರಸ ಮತ್ತು ವಿನಿಗರಿನಲ್ಲಿ ಮೆತ್ತಗೆ ಬೇಯಿಸಿ ಜರಡಿಯಲ್ಲಿ ಒತ್ತಿ ಇಳಿಸಿಕೊಳ್ಳಿ. ಮಿಕ್ಸಿಗೆ ಹಾಕುವವರು ಸಿಪ್ಪೆ ಮೊದಲೇ ತೆಗೆಯಿರಿ, ಬೀಜ ಒಂದೂ ಉಳಿಯದಂತೆ ನೋಡಿಕೊಳ್ಳಿ. ಪಾತ್ರೆ ದಪ್ಪ ತಳದ ಸ್ಟೀಲಿನದಾಗಿರಲಿ. ಇಷ್ಟು ಹುಳಿ ಅಲ್ಯುಮಿನಿಯಂ ಅಥವಾ ಕಲಾಯಿ ಇಲ್ಲದ ತಾಮ್ರದ ಜೊತೆ ಗಂಟೆಗಟ್ಟಲೆ ಇರುವುದು ಒಳ್ಳೆಯದಲ್ಲ. ಅಗಲ ಬಾಯಿಯ ಪಾತ್ರೆಯಾದರೆ ಬೇಗ ಬತ್ತುತ್ತದೆ.

ಸಕ್ಕರೆ ಬಿದ್ದ ಮೇಲೆ ಅಸಲಿ ಕೆಲಸ ಶುರು. ಮೊದಲ ಗಂಟೆ ತೊಂದರೆ ಕೊಡುವುದಿಲ್ಲ. ತಿರುಳು ಗಟ್ಟಿಯಾಗುತ್ತ ಬಂದಂತೆ ಗುಳ್ಳೆಗಳು ಸುಲಭವಾಗಿ ಮೇಲೇರಲಾರವು, ಸಿಡಿದು ಕೈ ಸುಡುತ್ತವೆ. ತಳದಲ್ಲಿ ಶಾಖ ನಿಂತು ಸಕ್ಕರೆ ಹತ್ತುತ್ತದೆ. ಉರಿ ತೀರ ಸಣ್ಣದು ಮಾಡಿ, ತುದಿ ಚಪ್ಪಟೆಯಾದ ಮರದ ಸೌಟಿನಿಂದ ತಳ ಕೆರೆಯುವಂತೆ ಆಡಿಸಿ. ತಳ ಹಿಡಿದರೆ ಕೆರೆಯಬೇಡಿ. ಮೇಲಿನದನ್ನು ಮಾತ್ರ ಬೇರೆ ಪಾತ್ರೆಗೆ ಬಗ್ಗಿಸಿಕೊಂಡು ಮುಂದುವರಿಸಿ. ನಿಂತು ಆಡಿಸಲು ಆಗದವರಿಗೆ ಒಲೆಗಿಂತ ಓವನ್ ವಾಸಿ: ಅಗಲ ತಟ್ಟೆಯಲ್ಲಿ 130–150 ಡಿಗ್ರಿ ಸೆಲ್ಸಿಯಸ್‌ನಲ್ಲಿಟ್ಟು ಅರ್ಧ ಗಂಟೆಗೊಮ್ಮೆ ತಿರುವಿದರೆ ಸಾಕು. ಸ್ಲೋ ಕುಕ್ಕರಿನಲ್ಲಿ ಮಾಡುವವರು ಮುಚ್ಚಳ ಓರೆಯಾಗಿಡಿ. ಪೂರ್ತಿ ಮುಚ್ಚಿದರೆ ಆವಿ ಮತ್ತೆ ಒಳಗೇ ತೊಟ್ಟಿಕ್ಕುತ್ತದೆ.

ಹದ ಬಂತೇ ಎಂದು ತಿಳಿಯುವುದು ಹೀಗೆ. ತಣ್ಣನೆಯ ತಟ್ಟೆಯ ಮೇಲೆ ಒಂದು ಚಮಚ ಹಾಕಿ ಎರಡು ನಿಮಿಷ ಬಿಡಿ. ಗುಡ್ಡೆ ಗುಡ್ಡೆಯಾಗಿಯೇ ನಿಂತು, ಸುತ್ತ ನೀರಿನ ಉಂಗುರ ಬಿಡದಿದ್ದರೆ ಆಯಿತು. ಕೂದಲಿನಷ್ಟು ತೆಳು ಉಂಗುರ ಕಂಡರೂ ಇನ್ನೊಂದು ಕಾಲು ಗಂಟೆ ಬತ್ತಿಸಿ. ನಿಮ್ಮ ನೀರು ನಿಂತ ಬಾಟಲಿಗೆ ಈ ಎರಡು ನಿಮಿಷದ ಪರೀಕ್ಷೆ ಆಗಿದ್ದರೆ ಸಾಕಿತ್ತು. ಅತಿಯಾಗಿ ಬತ್ತಿಸುವುದೂ ಬೇಡ. ಚಮಚ ನೆಟ್ಟರೆ ನಿಲ್ಲುವಷ್ಟು ಗಟ್ಟಿಯಾದರೆ ಬಾಟಲಿಯ ನಡುಭಾಗಕ್ಕೆ ಶಾಖ ತಲುಪುವುದು ತಡವಾಗುತ್ತದೆ, ಏಕೆಂದರೆ ತೆಳು ರಸದಂತೆ ಇದು ಒಳಗೆ ಸುತ್ತು ಹೊಡೆಯುವುದಿಲ್ಲ.

ಇಷ್ಟರೊಳಗೆ ಬಾಟಲಿಗಳು ಕುದಿಯುವ ನೀರಿನಲ್ಲಿ 10 ನಿಮಿಷ ಇದ್ದು ಬಿಸಿಯಾಗಿ ಕಾದಿರಬೇಕು. ತಣ್ಣನೆ ಗಾಜಿಗೆ ಕುದಿಯುವ ತಿರುಳು ಸುರಿದರೆ ತಳ ಉಂಗುರದಂತೆ ಕತ್ತರಿಸಿಕೊಂಡು ಬೀಳಬಹುದು. ತುಂಬುವಾಗ ಮೇಲೆ 6 ಮಿ.ಮೀ. ಜಾಗ ಬಿಡಿ, ಹೆಚ್ಚೂ ಅಲ್ಲ, ಕಡಿಮೆಯೂ ಅಲ್ಲ. ಕಡಿಮೆಯಾದರೆ ಕುದಿಯುವಾಗ ತಿರುಳು ಉಕ್ಕಿ ಅಂಚಿಗೆ ಬರುತ್ತದೆ, ಹೆಚ್ಚಾದರೆ ಗಾಳಿ ಪೂರ್ತಿ ಹೊರಹೋಗುವುದಿಲ್ಲ. ಪ್ಲಾಸ್ಟಿಕ್ ಚಮಚದ ಹಿಡಿಯನ್ನು ಗೋಡೆಯುದ್ದಕ್ಕೂ ಇಳಿಸಿ ಒಳಗಿನ ಗಾಳಿಗುಳ್ಳೆ ಬಿಡಿಸಿ. ಒದ್ದೆ ಬಟ್ಟೆಯಿಂದ ಬಾಯಿಯ ಅಂಚನ್ನು ಒಂದು ಸುತ್ತು ಒರೆಸಿ. ಈ ಒಂದು ಸುತ್ತು ಬಿಟ್ಟುಹೋದ ಬಾಟಲಿಗಳೇ ಹೆಚ್ಚಾಗಿ ಮುಚ್ಚಿಕೊಳ್ಳದೆ ಉಳಿಯುವುದು. ಉಂಗುರ ಮತ್ತು ಬಿಲ್ಲೆ ಇರುವ ಎರಡು ಭಾಗದ ಮುಚ್ಚಳವಾದರೆ ಬೆರಳ ತುದಿಯ ಬಲಕ್ಕಷ್ಟೇ ಬಿಗಿಯಿರಿ. ಶಕ್ತಿ ಹಾಕಿ ತಿರುಗಿಸಿದರೆ ಗಾಳಿಗೆ ದಾರಿಯಿಲ್ಲದೆ ಬಿಲ್ಲೆ ಬಾಗುತ್ತದೆ.

ನೀರಿನಲ್ಲಿ ಕುದಿಸಲು ವಿಶೇಷ ಉಪಕರಣ ಬೇಡ. ಬಾಟಲಿಗಳ ಮೇಲೆ 2.5 ಸೆಂ.ಮೀ. ನೀರು ನಿಲ್ಲುವಷ್ಟು ಆಳದ, ಮುಚ್ಚಳವಿರುವ ಯಾವ ಪಾತ್ರೆಯಾದರೂ ಸರಿ. ತಳದಲ್ಲಿ ಜಾಲರಿ ಅಥವಾ ಮಡಿಸಿದ ಬಟ್ಟೆ ಇರಲಿ. ನೀರು ಮತ್ತೆ ಕೊತಕೊತ ಕುದಿಯತೊಡಗಿದ ಮೇಲೆ ಸಮಯ ಎಣಿಸಿ. ಅರ್ಧ ಲೀಟರ್ ಅಥವಾ ಸಣ್ಣ ಬಾಟಲಿಗಳಿಗೆ ಸಮುದ್ರಮಟ್ಟದಿಂದ 300 ಮೀಟರ್‌ವರೆಗೆ 5 ನಿಮಿಷ, 300ರಿಂದ 1,800 ಮೀಟರ್‌ವರೆಗೆ 10, ಅದಕ್ಕಿಂತ ಎತ್ತರದಲ್ಲಿ 15. ಒಂದು ಲೀಟರಿನ ಬಾಟಲಿಯಾದರೆ ಈ ಮೂರೂ ಸಮಯಕ್ಕೆ 5 ನಿಮಿಷ ಸೇರಿಸಿ. ಎತ್ತರ ಯಾಕೆ ಮುಖ್ಯವೆಂದರೆ ಪ್ರತಿ 300 ಮೀಟರಿಗೆ ನೀರು ಕುದಿಯುವ ಶಾಖ ಸುಮಾರು ಒಂದು ಡಿಗ್ರಿ ಇಳಿಯುತ್ತದೆ. 900 ಮೀಟರ್ ಎತ್ತರದಲ್ಲಿ ಅದು 97 ಡಿಗ್ರಿ. ಬಾಟಲಿಗಳನ್ನು ಮೊದಲೇ ಕುದಿಸುವ ಗೋಜು ಬೇಡವೆಂದರೆ ಸಂಸ್ಕರಣೆಯ ಸಮಯ ಕನಿಷ್ಠ 10 ನಿಮಿಷ ಆಗಬೇಕು. ಅಂದರೆ 300 ಮೀಟರಿಗಿಂತ ಕೆಳಗಿರುವವರು 5ರ ಬದಲು 10 ಎಣಿಸಿದರಾಯಿತು. ಆಗ ಸೋಪಿನಲ್ಲಿ ತೊಳೆದು ಬಿಸಿಯಾಗಿಟ್ಟ ಬಾಟಲಿ ಸಾಕು. ಉರಿ ಆರಿಸಿ ಐದು ನಿಮಿಷ ಬಿಟ್ಟು ಮೇಲೆತ್ತಿ, ಗಾಳಿ ಬೀಸದ ಕಡೆ ಬಟ್ಟೆಯ ಮೇಲೆ ನೆಟ್ಟಗೆ ಇಡಿ. 12ರಿಂದ 24 ಗಂಟೆ ಮುಟ್ಟಬೇಡಿ, ಮುಚ್ಚಳ ಮತ್ತೆ ಬಿಗಿಯಬೇಡಿ. ಆಮೇಲೆ ಮುಚ್ಚಳದ ನಡುವೆ ಬೆರಳಿಂದ ಒತ್ತಿ ನೋಡಿ. ಮೇಲೆ ಕೆಳಗೆ ಆಡಿದರೆ ಆ ಬಾಟಲಿ ಫ್ರಿಜ್ಜಿಗೆ.

ಕುಕ್ಕರಿನ ಎರಡು ಸೀಟಿಯ ಬಗ್ಗೆ. ಹುಳಿ ಪದಾರ್ಥಕ್ಕೆ ಒತ್ತಡದ ಶಾಖ ಬೇಕಿಲ್ಲ. ಹುಳಿಯಿಲ್ಲದ್ದಕ್ಕೆ ಅಡುಗೆ ಮನೆಯ ಸಣ್ಣ ಕುಕ್ಕರ್ ಸಾಲದು. ಅದು ಬೇಗ ಕಾಯುತ್ತದೆ, ಬೇಗ ತಣಿಯುತ್ತದೆ, ಒತ್ತಡ ಎಷ್ಟಿದೆ ಎಂದು ತೋರಿಸುವ ಮಾಪಕ ಇಲ್ಲ, ಹಾಗಾಗಿ ಅದಕ್ಕೆ ಒಪ್ಪುವ ಸಮಯವನ್ನು ಯಾರೂ ಖಚಿತವಾಗಿ ಹೇಳಲಾರರು. ಒತ್ತಡ ಒಮ್ಮೆಲೇ ಬಿಟ್ಟರೆ ಬಾಟಲಿ ಒಳಗೇ ಒಡೆಯಬಹುದು. ಸೀಟಿಯನ್ನೂ ಗ್ಯಾಸ್ಕೆಟನ್ನೂ ತೆಗೆದು ಆಳದ ಪಾತ್ರೆಯಾಗಿ ಬಳಸುವುದಾದರೆ ಬೇಡವೆನ್ನುವುದಿಲ್ಲ. ಓವನ್ನಿನಲ್ಲಿ ಮುಚ್ಚಿದ ಬಾಟಲಿ ಕಾಯಿಸುವುದು, ಮೈಕ್ರೋವೇವ್, ಮೇಲೆ ಮೇಣ ಸುರಿಯುವುದು ಇವೆಲ್ಲ ಬಿಡಿ. ಒಣ ಗಾಳಿ ಶಾಖವನ್ನು ನೀರಿನಷ್ಟು ಬೇಗ ದಾಟಿಸುವುದಿಲ್ಲ, ಗಾಜು ಸಿಡಿಯುವ ಭಯವೂ ಇದೆ. ಮೇಣ ತಣಿದ ಮೇಲೆ ಅಂಚಿನಲ್ಲಿ ಬಿರುಕು ಬಿಡುತ್ತದೆ.

ಇಷ್ಟೆಲ್ಲ ಯಾಕೆ ಎನ್ನಿಸಿದರೆ ಫ್ರೀಜರ್ ಇದೆ. ನಿಜ ಹೇಳಬೇಕೆಂದರೆ ವರ್ಷಕ್ಕೊಮ್ಮೆ ನಾಲ್ಕೈದು ಬಾಟಲಿ ಮಾಡುವವರಿಗೆ ನಾನು ಮೊದಲು ಹೇಳುವುದೇ ಅದು. ಹಿಗ್ಗಲು ಮೇಲೆ ಎರಡು ಬೆರಳಷ್ಟು ಜಾಗ ಬಿಟ್ಟು ಡಬ್ಬಿಗೆ ತುಂಬಿಟ್ಟರೆ ವರ್ಷದವರೆಗೆ ಚೆನ್ನಾಗಿರುತ್ತದೆ, ಸಿಹಿಗುಂಬಳ ಬೆರೆಸಿದ್ದೂ ನಡೆಯುತ್ತದೆ. ಕರಗಿಸುವಾಗ ಸ್ವಲ್ಪ ನೀರು ಬಿಡಬಹುದು, ಕಲಕಿದರೆ ಸೇರುತ್ತದೆ. ಫ್ರಿಜ್ಜಿನಲ್ಲಿಟ್ಟ ಬರೀ ಸೇಬಿನದು ಮೂರು ನಾಲ್ಕು ವಾರ. ಸಂಸ್ಕರಿಸಿದ ಬಾಟಲಿ ಕತ್ತಲೆಯ, ತಂಪಾದ ಕಪಾಟಿನಲ್ಲಿ ಒಂದು ವರ್ಷ ರುಚಿ ಉಳಿಸಿಕೊಳ್ಳುತ್ತದೆ. ತೆರೆದ ಮೇಲೆ ಅದೂ ಫ್ರಿಜ್ಜಿಗೇ, ಒಣ ಚಮಚದಲ್ಲೇ ತೆಗೆಯಬೇಕು.

ಕೊನೆಗೆ ಕಹಿ. ಎರಡರಲ್ಲೊಂದು: ತಳ ಹಿಡಿದದ್ದು, ಇಲ್ಲವೇ ಲವಂಗ. ತಳ ಹಿಡಿದಿದ್ದರೆ ಸುಟ್ಟ ಸಕ್ಕರೆಯ ವಾಸನೆಯೇ ಹೇಳುತ್ತದೆ. ಲವಂಗವಾದರೆ ನಾಲಿಗೆ ಸ್ವಲ್ಪ ಮರಗಟ್ಟುತ್ತದೆ. ಅದರ ಘಾಟು ಬಾಟಲಿಯಲ್ಲಿ ಕೂತಂತೆ ಇನ್ನಷ್ಟು ಮುಂದೆ ಬರುತ್ತದೆ, ಚಕ್ಕೆ ಹಿಂದೆ ಸರಿಯುತ್ತದೆ. ಮೇಲಿನ ಅಳತೆಯ ಲವಂಗ ನನಗೂ ಹೆಚ್ಚೇ, ಅರ್ಧ ಅಥವಾ ಕಾಲು ಭಾಗಕ್ಕೆ ಇಳಿಸಿ. ಪುಡಿಯನ್ನು ಮೊದಲಿಂದಲೇ ಹಾಕಿ ಗಂಟೆಗಟ್ಟಲೆ ಕುದಿಸದೆ ಕೊನೆಯ ಅರ್ಧ ಗಂಟೆಯಲ್ಲಿ ಸೇರಿಸಿ. ಬಣ್ಣ ಕಪ್ಪಾಗಬಾರದೆಂದಿದ್ದರೆ ಇಡಿ ಮಸಾಲೆಯನ್ನು ತೆಳು ಬಟ್ಟೆಯಲ್ಲಿ ಗಂಟು ಕಟ್ಟಿ ಇಳಿಬಿಟ್ಟು, ತುಂಬುವ ಮುನ್ನ ತೆಗೆಯಿರಿ. ಜಾಯಿಕಾಯಿ ಇಷ್ಟು ತಿರುಳಿಗೆ ಕಾಲು ಚಿಕ್ಕ ಚಮಚ ಸಾಕು. ರುಚಿಯನ್ನು ಪಾತ್ರೆಯಿಂದ ನೇರ ನೋಡಬೇಡಿ. ಬಿಸಿಯಲ್ಲಿ ಮಸಾಲೆ ಕಡಿಮೆ, ಸಿಹಿ ಹೆಚ್ಚು ಅನ್ನಿಸಿ ಕೈ ಮುಂದೆ ಹೋಗುತ್ತದೆ. ಹದ ನೋಡಲು ತಟ್ಟೆಗೆ ಹಾಕಿದ್ದು ತಣಿದ ಮೇಲೆ ಅದನ್ನೇ ನಾಲಿಗೆಗೆ ಹಚ್ಚಿ, ಬೇಕೆನಿಸಿದರೆ ಆಗ ಚಿಟಿಕೆ ಸೇರಿಸಿ.